ಎರಡನೇ ಡಾಕ್ಟರಿಗೆ ಒಂದು ಹೆಸರು

ಕಳೆದ ಮೂರು ವರ್ಷಗಳಲ್ಲಿ ನಾನು ಹನ್ನೊಂದು ಕೊಲೆ ಒಪ್ಪಿಕೊಂಡಿದ್ದೇನೆ, ನಾಲ್ಕು ಸಲ ವಿಚ್ಛೇದನ ಕೇಳಿದ್ದೇನೆ, ಒಮ್ಮೆ ಹೆರಿಗೆ ನೋವನ್ನೂ ತಿಂದಿದ್ದೇನೆ. ಎಲ್ಲವೂ ಲಾಸ್ ಏಂಜಲಿಸಿನ ಪಕ್ಕದ ಗ್ಲೆಂಡೇಲಿನ ನಮ್ಮ ಅಪಾರ್ಟ್‌ಮೆಂಟಿನ ಕೆಳಗಿನ ಮನೆಯಲ್ಲಿ, ಆಫೀಸಿನ ಎರಡು ಮೀಟಿಂಗುಗಳ ನಡುವೆ, ಹವಾಯಿ ಚಪ್ಪಲಿ ಮೆಟ್ಟಿಕೊಂಡು. ನನ್ನ ಹೆಂಡತಿ ಶೈಲಾಗೆ ಇದೆಲ್ಲ ಗೊತ್ತು. ಗೊತ್ತಿದ್ದೂ ಸಂಸಾರ ಮಾಡುತ್ತಿರುವುದು ಅವಳ ದೊಡ್ಡತನ.

ಇದಕ್ಕೆಲ್ಲ ಕಾರಣ ಕೆಳಗಿನ ಮನೆಯ ಡೆನಿಸ್. ವಯಸ್ಸು ಅರವತ್ತೊಂಬತ್ತು, ಒಂಟಿ ಜೀವ, ಕಸುಬು ಟೆಲಿವಿಷನ್ ನಟನೆ. ಲಾಸ್ ಏಂಜಲಿಸಿನ ನಟ ಎಂದ ಕೂಡಲೇ ನೀವು ಕಪ್ಪು ಕನ್ನಡಕವನ್ನೂ ಉದ್ದನೆಯ ಕಾರನ್ನೂ ಕಲ್ಪಿಸಿಕೊಳ್ಳಬೇಡಿ. ಡೆನಿಸ್ ನಮ್ಮ ಹಾಗೇ ಬಟ್ಟೆ ಒಗೆಯುವ ಕೋಣೆಯಲ್ಲಿ ಮೆಷಿನ್ ಖಾಲಿಯಾಗುವುದನ್ನು ಕಾಯುತ್ತ ನಿಲ್ಲುವವರು. ನಮ್ಮ ಪರಿಚಯವಾದದ್ದೂ ಅಲ್ಲಿಯೇ.

"ನಿಮ್ಮನ್ನ ಎಲ್ಲೋ ನೋಡಿದೀನಲ್ಲ," ಎಂದೆ.

"ಎಲ್ರೂ ಹಾಗೇ ಅಂತಾರೆ. ಎಲ್ಲಿ ಅಂತ ಮಾತ್ರ ಯಾರಿಗೂ ಗೊತ್ತಾಗಲ್ಲ," ಎಂದರು.

ಮನೆಗೆ ಬಂದು ಇಂಟರ್ನೆಟ್ಟಿನಲ್ಲಿ ಹುಡುಕಿದೆ. ನಲವತ್ತು ವರ್ಷದ ಬಾಳುವೆ ಒಂದು ಉದ್ದನೆಯ ಪಟ್ಟಿಯಾಗಿ ಕೂತಿತ್ತು. ಎರಡನೇ ಡಾಕ್ಟರ್. ನ್ಯಾಯಾಧೀಶ. ಸಿಟ್ಟಿನ ಗಿರಾಕಿ. ಬಸ್ಸಿನಲ್ಲಿ ಕೂತ ಮನುಷ್ಯ. ಮತ್ತೊಮ್ಮೆ ಎರಡನೇ ಡಾಕ್ಟರ್. ಹೆಣ. ಎಷ್ಟು ಕೆಳಗೆ ಇಳಿದರೂ ಒಂದು ಪಾತ್ರಕ್ಕೂ ಹೆಸರಿಲ್ಲ. ಈ ದೇಶದಲ್ಲಿ ಬೆಕ್ಕಿಗೂ ಹೆಸರಿಟ್ಟು ಆಸ್ಪತ್ರೆಯಲ್ಲಿ ಬರೆಸುತ್ತಾರೆ. ನಲವತ್ತು ವರ್ಷ ದುಡಿದ ಮನುಷ್ಯನಿಗೆ ಹೀಗೆ.

ನನ್ನ ಕೊಲೆಗಳ ವಿಷಯಕ್ಕೆ ಬರುತ್ತೇನೆ. ಮೊದಲೆಲ್ಲ ನಟರು ಆಡಿಷನ್ನಿಗೆ ಸ್ಟುಡಿಯೋಗೇ ಹೋಗಿ ಸಾಲಾಗಿ ಕೂರುತ್ತಿದ್ದರಂತೆ. ಕೋವಿಡ್ ಬಂದಮೇಲೆ ನಮ್ಮ ಆಫೀಸಿನ ಹಾಗೆ ಅದೂ ಮನೆಗೆ ಬಂತು. ಗೋಡೆಗೆ ಒಂದು ಬಟ್ಟೆ ಕಟ್ಟಿ, ಅದರ ಮುಂದೆ ನಿಂತು, ಫೋನಿನಲ್ಲಿ ರೆಕಾರ್ಡ್ ಮಾಡಿ ಕಳಿಸಬೇಕು. ಎದುರು ಪಾತ್ರದ ಮಾತುಗಳನ್ನು ಯಾರಾದರೂ ಕ್ಯಾಮೆರಾದ ಹಿಂದೆ ಕೂತು ಓದಬೇಕು. ಹಾಗೆ ಓದುವವರನ್ನು ರೀಡರ್ ಎನ್ನುತ್ತಾರೆ. ಡೆನಿಸರ ರೀಡರ್ ನಾನು. ರೀಡರನ ಧರ್ಮ ಒಂದೇ: ನಟಿಸಕೂಡದು. ರೇಷನ್ ಕಾರ್ಡಿನ ವಿವರ ಓದಿದ ಹಾಗೆ ತಣ್ಣಗೆ ಓದಬೇಕು.

ಡೆನಿಸ್ ಇದನ್ನು ನನಗೆ ಹೇಳಿದ್ದರು. ಆದರೆ ನಾನು ಹನ್ನೆರಡು ವರ್ಷ ಕನ್ನಡ ಸಂಘದ ಯುಗಾದಿ ನಾಟಕದಲ್ಲಿ ಪಾತ್ರ ಮಾಡಿದವನು ಎಂಬುದು ಅವರಿಗೆ ಗೊತ್ತಿರಲಿಲ್ಲ. ನಮ್ಮ ನಾಟಕಕ್ಕೆ ವಾಲ್‌ನಟ್ ಎಂಬ ಊರಲ್ಲಿ ಒಂದು ಶಾಲೆಯ ಹಾಲ್ ಹಿಡಿದು, ಮೇಲಿನಿಂದ ಎರಡು ಮೈಕು ಇಳಿಬಿಡುತ್ತೇವೆ. ರಾಜನಾಗಲಿ ಭಿಕ್ಷುಕನಾಗಲಿ ಮೊದಲು ಮೈಕಿನ ಕೆಳಗೆ ಬರಬೇಕು, ಕತ್ತೆತ್ತಿ ಮಾತು ಹೇಳಬೇಕು, ಮುಂದಿನವರಿಗೆ ಜಾಗ ಬಿಡಬೇಕು. ಬಾಣ ತಗುಲಿದವನೂ ಮೈಕಿನ ತನಕ ತೆವಳಿಕೊಂಡು ಬಂದೇ ಪ್ರಾಣ ಬಿಡುವುದು. ಹುಟ್ಟುಗುಣ ಸುಟ್ಟರೂ ಹೋಗದು. ಡೆನಿಸರ ಮನೆಯಲ್ಲಿ ಫೋನೇ ನನ್ನ ಮೈಕಾಯಿತು.

ಮೊದಲ ದಿನ ನನ್ನದು ಹೆರಿಗೆಗೆ ಬಂದವಳ ಪಾತ್ರ, ಅವರದು ಎಂದಿನಂತೆ ಎರಡನೇ ಡಾಕ್ಟರ್. "ನನ್ನ ಮಗು ಎಲ್ಲಿ, ಡಾಕ್ಟರ್?" ಎನ್ನುತ್ತ ನನಗೇ ಗೊತ್ತಿಲ್ಲದೆ ಫೋನಿನ ಕಡೆ ಸರಿದೆ. ಆಮೇಲೆ ವಿಡಿಯೋ ನೋಡಿದರೆ ನಡುವೆ ಡೆನಿಸರ ಶಾಂತ ಮುಖ. ಎಡಗಡೆಯಿಂದ ಮೊದಲು ನನ್ನ ಮೂಗು, ಆಮೇಲೆ ಮೀಸೆ, ಕೊನೆಗೆ ಕಣ್ಣೀರು ತುಂಬಿದ ಅರ್ಧ ಮುಖ. ಮತ್ತೆ ತೆಗೆಯಲು ಸಮಯವಿರಲಿಲ್ಲ, ಅದನ್ನೇ ಕಳಿಸಿದರು. ಪಾತ್ರ ಸಿಗಲಿಲ್ಲ. ನನ್ನ ಮಗಳು ಅನಘಾ ವಿಡಿಯೋ ನೋಡಿ, "ಅಪ್ಪ, ಯು ವರ್ ಸಪೋಸ್ಡ್ ಟು ಹೆಲ್ಪ್ ಹಿಮ್," ಎಂದಳು. ನನಗೆ ನಿಜಕ್ಕೂ ನಾಚಿಕೆಯಾಯಿತು. ಮರುದಿನ ಹೋದಾಗ ಡೆನಿಸ್ ನನ್ನ ಕುರ್ಚಿಯನ್ನು ಗೋಡೆಗೆ ಒತ್ತಿಟ್ಟು, ಮುಂದೆ ಒಂದು ಟೀಪಾಯಿ ಅಡ್ಡ ಇಟ್ಟಿದ್ದರು.

ಒಂದು ದಿನ ಟೀ ಕುಡಿಯುತ್ತ ಅವರೇ ಹೇಳಿದರು: "ಹೆಸರಿರೋ ಒಂದು ಪಾತ್ರ ಬೇಕು. ಒಂದೇ ಒಂದು. ಮಾತು ಮೊದಲಿನ ಹಾಗೆ ನೆನಪಲ್ಲಿ ನಿಲ್ತಿಲ್ಲ. ಈ ವರ್ಷ ಸಿಗ್ಲಿಲ್ಲ ಅಂದ್ರೆ ಬಿಟ್ಟುಬಿಡ್ತೀನಿ."

ಸಮಾಧಾನ ಮಾಡುವುದರಲ್ಲಿ ನಾನು ಸ್ವಲ್ಪ ವಿದ್ವಾಂಸ. ಕುರುಕ್ಷೇತ್ರದಲ್ಲಿ ಹದಿನೆಂಟು ಅಕ್ಷೌಹಿಣಿ ಸೈನ್ಯ ಸೇರಿತ್ತು, ನಮಗೆ ಗೊತ್ತಿರುವ ಹೆಸರು ಎಷ್ಟು ಎಂದು ಕೇಳಿದೆ. ನಮ್ಮ ಕಂಪನಿ ನಾಟಕಗಳಲ್ಲಿ ದೂತನಿಗೆ ಹೆಸರಿಲ್ಲ, ಆದರೆ ಅವನು ಬಂದು ಬಾಯಿಬಿಡದಿದ್ದರೆ ಯುದ್ಧವೇ ಶುರುವಾಗುವುದಿಲ್ಲ ಎಂದೆ. ಸಾಲದ್ದಕ್ಕೆ ನಮ್ಮ ಅಜ್ಜಿಯನ್ನೂ ಎಳೆದು ತಂದೆ. ಅಜ್ಜಿ ಜೀವಮಾನದಲ್ಲಿ ಒಮ್ಮೆಯೂ ಅಜ್ಜನ ಹೆಸರು ಹೇಳಲಿಲ್ಲ. ‘ಇವರು’, ‘ಅವರು’ ಎಂದೇ ಐವತ್ತು ವರ್ಷ ಸಂಸಾರ ತೂಗಿಸಿದಳು. ಹೆಸರು ಹೇಳದಿರುವುದೇ ನಮ್ಮಲ್ಲಿ ಮರ್ಯಾದೆ ಎಂದು ಮುಗಿಸಿದೆ.

ಡೆನಿಸ್ ಯೋಚಿಸಿ ಕೇಳಿದರು: "ಆದ್ರೆ ಅಜ್ಜಿಗೆ ಅವರ ಹೆಸರು ಗೊತ್ತಿತ್ತು ತಾನೆ?"

"ಗೊತ್ತಿಲ್ದೆ ಏನು?"

"ಅದು ಬೇರೆ. ನನ್ನ ಡಾಕ್ಟರ್ ಹೆಸರು ಕಥೆ ಬರೆದವನಿಗೇ ಗೊತ್ತಿಲ್ಲ."

ನಾನು ಟೀ ಲೋಟ ತೊಳೆದಿಟ್ಟು ಮೇಲಕ್ಕೆ ಬಂದೆ.

ಎರಡು ತಿಂಗಳಾದಮೇಲೆ ಮಾರ್ವಿನ್ ಬಂದ. ಪತ್ತೇದಾರಿ ಸೀರಿಯಲ್ಲೊಂದರಲ್ಲಿ, ಸಮುದ್ರದ ದಂಡೆಯಲ್ಲಿ ದೋಣಿ ಬಾಡಿಗೆಗೆ ಕೊಡುವ ಮುದುಕ. ಕಾಣೆಯಾದ ಹೆಂಗಸೊಬ್ಬಳ ಬಗ್ಗೆ ಡಿಟೆಕ್ಟಿವ್ ಬಂದು ವಿಚಾರಿಸುತ್ತಾಳೆ, ಮಾರ್ವಿನ್ ಉತ್ತರಿಸುತ್ತಾನೆ. ಒಟ್ಟು ಆರು ಮಾತು. ನಾನು ಟೀಪಾಯಿಯ ಈಚೆ ಕೈಕಟ್ಟಿ ಕೂತು ಡಿಟೆಕ್ಟಿವ್ ಆಡುವ ಮಾತುಗಳನ್ನು ರೇಷನ್ ಕಾರ್ಡಿನಂತೆ ಓದಿದೆ. ಪಾತ್ರ ಸಿಕ್ಕಿತು.

ಶೂಟಿಂಗ್ ಸ್ಯಾನ್ ಡಿಯಾಗೋದಲ್ಲಿ. ಅವರ ಹಳೇ ಕಾರನ್ನು ನಂಬುವಂತಿರಲಿಲ್ಲ, ನಾನೇ ಒಂದು ದಿನ ರಜೆ ಹಾಕಿ ಡ್ರೈವ್ ಮಾಡಿದೆ. ದಾರಿಯುದ್ದಕ್ಕೂ ಆರು ಮಾತುಗಳನ್ನು ಹೇಳಿಸಿದೆ. ಊರು ಇನ್ನೇನು ಬಂತು ಎನ್ನುವಾಗ, ಡೆಲ್ ಮಾರ್ ಹತ್ತಿರ, ನಾಲ್ಕನೆಯದು ತಪ್ಪಿತು. ಗಾಬರಿಯಾಗಿ ಇಬ್ಬರೂ ಮೊದಲಿನಿಂದ ಶುರುಮಾಡಿದೆವು. ಶೂಟಿಂಗ್ ಜಾಗದೊಳಗೆ ನನ್ನನ್ನು ಬಿಡಲಿಲ್ಲ, ಪಾರ್ಕಿಂಗಿನಲ್ಲಿ ಕೂತು ಮೊಸರನ್ನ ತಿಂದೆ. ಸಂಜೆ ನಾಲ್ಕಕ್ಕೆ ಡೆನಿಸ್ ಕೈಯಲ್ಲೊಂದು ಬಿಳಿ ಟೇಪಿನ ತುಂಡು ಹಿಡಿದುಕೊಂಡು ಬಂದರು. ನಟರು ವೇಷ ಹಾಕುವ ಗಾಡಿಯ ಬಾಗಿಲಿಗೆ ಪಾತ್ರದ ಹೆಸರು ಬರೆದು ಅಂಟಿಸುತ್ತಾರಂತೆ. ಇಷ್ಟು ವರ್ಷ ‘ಎರಡನೇ ಡಾಕ್ಟರ್’ ಎಂದಿರುತ್ತಿತ್ತು. ಈ ಸಲ ‘ಮಾರ್ವಿನ್’ ಎಂದಿತ್ತು. ಕಿತ್ತುಕೊಂಡು ಬಂದಿದ್ದರು.

ಆ ಕಂತು ಪ್ರಸಾರವಾದ ನಂತರದ ಭಾನುವಾರ ಮಧ್ಯಾಹ್ನ ಡೆನಿಸರನ್ನು ಊಟಕ್ಕೆ ಕರೆದು, ನಮ್ಮ ಮನೆಯಲ್ಲೇ ನೋಡುವುದೆಂದಾಯಿತು. ಶೈಲಾ ಬಿಸಿಬೇಳೆಭಾತ್ ಮಾಡಿ ಖಾರ ಕಡಿಮೆ ಹಾಕಿದ್ದಳು. ಡೆನಿಸ್ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಸೋಫಾದ ತುದಿಯಲ್ಲಿ ಕೂತರು.

ಟಿವಿಯಲ್ಲಿ ಡಿಟೆಕ್ಟಿವ್ ಕಾರಿನಿಂದ ಇಳಿದಳು, ದೋಣಿಗಳ ಕಡೆ ನಡೆದಳು. ಶೈಲಾ ಸೌಂಡ್ ಜಾಸ್ತಿ ಮಾಡಿದಳು. ಮರುಕ್ಷಣ ಡಿಟೆಕ್ಟಿವ್ ಮತ್ತೆ ಕಾರಿನೊಳಗೇ ಕೂತಿದ್ದಳು. ನಡುವೆ ಡೆನಿಸ್ ಇರಬೇಕಿತ್ತು, ಇರಲಿಲ್ಲ. ಆರು ಮಾತನ್ನೂ ಕತ್ತರಿಸಿ ಹಾಕಿದ್ದರು. ನಾವು ಯಾರೂ ಯಾರ ಮುಖವನ್ನೂ ನೋಡಲಿಲ್ಲ.

ಅಷ್ಟರಲ್ಲಿ ಕಾರಿನಲ್ಲಿದ್ದ ಜೊತೆಗಾರ ಅವಳನ್ನು ಕೇಳಿದ: "ಕಾಣೆಯಾದಾಕೆ ದೋಣಿ ಹತ್ಲಿಲ್ಲ ಅಂತ ಹೇಗೆ ಹೇಳ್ತೀಯ?"

"ಮಾರ್ವಿನ್ ಹೇಳಿದ. ಮಾರ್ವಿನ್ ಸುಳ್ಳು ಹೇಳೋನಲ್ಲ," ಎಂದು ಅವಳು ಕಾರು ತಿರುಗಿಸಿದಳು.

"ಸ್ವಲ್ಪ ಹಿಂದಕ್ಕೆ ಹಾಕಿ," ಎಂದರು ಡೆನಿಸ್. ಹಾಕಿದೆ. ಇನ್ನೊಮ್ಮೆ ಎಂದರು. ಮತ್ತೆ ಹಾಕಿದೆ. ನನ್ನ ತಲೆಯೊಳಗೆ ಅಕ್ಷೌಹಿಣಿ, ದೂತ, ಅಜ್ಜಿ ಎಲ್ಲರೂ ಸಮಾಧಾನಕ್ಕೆ ಸಜ್ಜಾಗಿ ನಿಂತಿದ್ದರು. ನಾನು ಬಾಯಿ ತೆರೆಯುವ ಮುಂಚೆ ಅವರೇ ಮಾತಾಡಿದರು.

"ನಲವತ್ತು ವರ್ಷ ಕ್ಯಾಮೆರಾ ಮುಂದೆ ನಿಂತೆ. ನಾನು ಆಚೆ ಹೋದ್ಮೇಲೆ ಒಬ್ರೂ ನನ್ನ ಮಾತೆತ್ತಲಿಲ್ಲ. ಈ ಸಲ ನಾನು ಬರ್ಲೇ ಇಲ್ಲ. ಆದ್ರೂ ನನ್ನ ಮಾತು ನಂಬಿ ಆ ಹುಡುಗಿ ಕಾರು ತಿರುಗಿಸಿದ್ಳು, ನೋಡಿದ್ರಾ?"

ಅವರ ಜಾಗದಲ್ಲಿ ನಾನಿದ್ದಿದ್ದರೆ ಸಂಘದ ಕಾರ್ಯದರ್ಶಿಯ ಜೊತೆ ಜಗಳವಾಡಿ, ಮುಂದಿನ ಯುಗಾದಿಗೆ ಇನ್ನೊಂದು ಸಂಘ ಕಟ್ಟಿರುತ್ತಿದ್ದೆ. ಆದರೆ ಯೋಚಿಸಿ, ನಾವಾದರೂ ಎಷ್ಟು ದೃಶ್ಯಗಳಲ್ಲಿ ಇರುತ್ತೇವೆ? ಮಿಕ್ಕೆಲ್ಲ ಕಡೆ, ನಾವಿಲ್ಲದ ಕಾರುಗಳಲ್ಲಿ, ನಾವಿಲ್ಲದ ಅಡುಗೆಮನೆಗಳಲ್ಲಿ, ಯಾರೋ ನಮ್ಮ ಹೆಸರೆತ್ತಿ ಒಂದು ಮಾತು ಆಡುತ್ತಾರೆ. ಅದು ಎಂಥ ಮಾತು ಎಂದು ಕೇಳಿಸಿಕೊಳ್ಳುವ ಭಾಗ್ಯ ಹೆಚ್ಚಿನವರಿಗೆ ಇಲ್ಲ. ಡೆನಿಸ್ ನಮ್ಮ ಸೋಫಾದ ಮೇಲೆ ಕೂತು ಅದನ್ನು ಕಿವಿಯಾರೆ ಕೇಳಿದ್ದರು. ಇನ್ನೊಂದು ಸಲ ಕೇಳಬೇಕೆಂದರು. ನಾನು ಹಿಂದಕ್ಕೆ ಹಾಕಿದೆ.