ಅತ್ತೆ ಒರೆಸಿದ ಹೊತ್ತುಗನ್ನಡಿ

ನನಗೆ ಸಿಟ್ಟು ಮೂಗಿನ ತುದಿಯಲ್ಲೇ. ಇದನ್ನು ಮದುವೆಗೆ ಮೊದಲೇ ಹೇಳಿದ್ದೆ, ಹಾಗಾಗಿ ನನ್ನ ಗಂಡ ದೂರುವಂತಿಲ್ಲ. ಕಂಪ್ಲಿಯ ಭತ್ತದ ಗದ್ದೆಗಳ ನಡುವೆ ಬೆಳೆದವಳು ಯಶವಂತನಗರದ ಗಣಿ ಕಾಲೊನಿಗೆ ಸೊಸೆಯಾಗಿ ಬಂದೆ. ಇಲ್ಲಿ ಅದಿರಿನ ಲಾರಿ ಹೋಯಿತೆಂದರೆ ಕೆಂಪು ಧೂಳು ಕೂರದ ಜಾಗವಿಲ್ಲ, ಒಣಹಾಕಿದ ಹಪ್ಪಳಕ್ಕೂ ಕುಂಕುಮದ ಭಾಗ್ಯ. ಆ ಧೂಳಿನ ಪರಮ ವೈರಿ ನನ್ನ ಅತ್ತೆ. ಮಾವನ ಹಳೆಯ ಬನಿಯನ್ನುಗಳಲ್ಲಿ ಒಂದನ್ನೂ ಬಿಸಾಡದೆ ಗಂಟು ಕಟ್ಟಿಟ್ಟುಕೊಂಡು, ಅವುಗಳಿಂದಲೇ ಬೆಳಗಿನಿಂದ ಸಂಜೆಯವರೆಗೆ ಮನೆ ಒರೆಸುತ್ತಿದ್ದರು.

ಮನಸ್ಸು ಒಳ್ಳೆಯದೇ. ಆದರೆ ಮನೆಗೆ ಯಾರು ಬಂದರೂ ನನ್ನನ್ನು ತೋರಿಸಿ, "ಇಕಿ ಕಂಪ್ಲಿಯಾಕಿ" ಎನ್ನುತ್ತಿದ್ದರು. ಒಂದು ಸಲವಾದರೂ 'ನಮ್ಮ ಸೊಸಿ' ಅಂದವರಲ್ಲ. ಬಸ್ಸು ತಪ್ಪಿ ಉಳಿದುಕೊಂಡವಳೇನು ನಾನು? ಭಾಳ ನೋವಾಗುತ್ತಿತ್ತು.

ಆ ವರ್ಷ ಮಹಿಳಾ ಸಂಘದ ವಾರ್ಷಿಕೋತ್ಸವಕ್ಕೆ ನಾಟಕ ಬರೆಯುವ ಕೆಲಸ ನನ್ನ ಪಾಲಿಗೆ ಬಂತು. ನಾನೊಂದು ಇಲ್ಲದ ರಾಜ್ಯ ಕಟ್ಟಿದೆ. ಅಲ್ಲಿ ಸೂರ್ಯ ಮುಳುಗುವುದಿಲ್ಲ, ಯಾರಿಗೂ ಮುಪ್ಪಿಲ್ಲ. ಅದಕ್ಕೇ ರಾಣಿಗೆ ಕಾಲ ಸರಿಯುತ್ತದೆ ಎಂಬುದೇ ಗೊತ್ತಿಲ್ಲ, ಸುಮ್ಮನೆ ಸಿಂಹಾಸನದ ಮೇಲೆ ಕೂತೇ ಇರುತ್ತಾಳೆ. ಆಗ ಒಬ್ಬ ವಿಜ್ಞಾನಿ ಹೆಂಗಸು ಹೊತ್ತುಗನ್ನಡಿ ಎಂಬ ಯಂತ್ರ ತರುತ್ತಾಳೆ. ಆ ರಾಜ್ಯದಲ್ಲಿ ಹೊತ್ತು ಪುಡಿಪುಡಿಯಾಗಿ ಉದುರುತ್ತದೆ. ಗಾಜಿನ ಮೇಲೆ ಎಷ್ಟು ಕೂತಿದೆಯೋ ಅಷ್ಟು ಕಾಲ ಕಳೆದಿದೆ ಎಂದು ಲೆಕ್ಕ. ಅದನ್ನು ನೋಡಿ ರಾಣಿ, ಇಷ್ಟು ದಿನ ಕೂತು ಕಳೆದೆನಲ್ಲ ಎಂದು ಎದ್ದು ಕುಣಿಯಬೇಕು.

ರಾಣಿ ನಮ್ಮ ಪಕ್ಕದ ಮನೆಯಾಕೆ, ವಿಜ್ಞಾನಿ ನಾನು. ಕೆಟ್ಟುಹೋದ ಟೇಬಲ್ ಫ್ಯಾನಿನ ಸ್ಟ್ಯಾಂಡಿಗೆ ದೊಡ್ಡ ಫೋಟೋದ ಗಾಜು ಕಟ್ಟಿ, ಹಿಂದೆ ಟಾರ್ಚು ಸಿಕ್ಕಿಸಿ, ರಸ್ತೆ ಕಡೆಯ ಕಿಟಕಿಯಲ್ಲಿಟ್ಟೆ. ಅತ್ತೆ ತಮ್ಮ ಮಗಳ ಬಾಣಂತನಕ್ಕೆಂದು ಗಾದಿಗನೂರಿಗೆ ಹೋಗಿದ್ದರು, ಧೂಳಿಗೆ ಹೇಳುವವರು ಕೇಳುವವರು ಇರಲಿಲ್ಲ. ಪದರದ ಮೇಲೆ ಪದರ ಕೂತು, ಟಾರ್ಚು ಹಾಕಿದರೆ ಗಾಜು ಸಂಜೆಯ ಆಕಾಶದ ಹಾಗೆ ಕೆಂಪಗೆ ಹೊಳೆಯುತ್ತಿತ್ತು. ಏನು ಮಸ್ತ್ ಕಾಣುತ್ತಿತ್ತು ಅಂತೀರಿ! ಇಡೀ ಕಾಲೊನಿ ಚಪ್ಪಾಳೆ ಹೊಡೆದ ಮೇಲೆ ಅತ್ತೆ ಅದು ಹೇಗೆ ಕಂಪ್ಲಿಯಾಕಿ ಅಂತಾರೋ ನೋಡೇಬಿಡೋಣ ಅಂದುಕೊಂಡಿದ್ದೆ.

ನಾಟಕದ ದಿನ ನಾನು ಸೀರೆ ಉಟ್ಟು ಹೊರಗೆ ಬರುವಷ್ಟರಲ್ಲಿ ಅತ್ತೆ ಊರಿಂದ ಬಂದಿದ್ದರು. ಕೈಯಲ್ಲಿ ಬನಿಯನ್ನು. ಗಾಜು ಥಳಥಳ.

"ಎಷ್ಟ್ ಧೂಳು ಕುಂತಿತ್ತವಾ! ನಾನಿಲ್ಲಂದ್ರ ಮನಿ ಹಿಂಗ ಇಡೋದಾ?"

ಅಯ್ಯೋ ಶಿವನೇ! ಮೈಯೆಲ್ಲ ಉರಿದುಹೋಯಿತು.

"ಅತ್ತೀ, ಅದು ಧೂಳಲ್ರೀ! ಹೊತ್ತು ಅದು! ಒಂದ್ ರಾಜ್ಯದ ಹೊತ್ತನ್ನೆಲ್ಲ ಒರಿಸಿಬಿಟ್ರಲ್ರೀ!" ಎಂದು ಕಿರುಚಿದೆ. ಆಮೇಲೆ ಅಲ್ಲೇ ಕೂತು, ಮೂಗು ಒರೆಸಿಕೊಳ್ಳುತ್ತಾ, ಇಡೀ ನಾಟಕದ ಕಥೆ ಹೇಳಿದೆ. ಗಂಡ ಪಾಪ, ಅಂಗಳದಿಂದ ಹಿಡಿ ಮಣ್ಣು ತಂದು ಗಾಜಿನ ಮೇಲೆ ಉದುರಿಸಿ ನೋಡಿದರು. ಸರ್ರನೆ ಜಾರಿ ಬಿತ್ತು. ಅತ್ತೆ ಒರೆಸುವುದನ್ನು ನಿಲ್ಲಿಸಿ ಕೇಳುತ್ತಲೇ ಇದ್ದರು.

"ನೀ ನಡಿ. ನಾ ಹಿಂದಿಂದ ಬರ್ತೀನಿ" ಎಂದರು.

ವೇದಿಕೆಯ ಮೇಲೆ ರಾಣಿ, "ಎಲ್ಲಿ ನಿನ್ನ ಯಂತ್ರ?" ಎಂದು ಕೇಳಿದಳು. ನಾನು ಮೆಟ್ಟಿಲ ಕಡೆ ನೋಡಿದೆ. ಅಷ್ಟರಲ್ಲಿ ಅತ್ತೆ ಮೆಟ್ಟಿಲು ಹತ್ತಿ ಬಂದರು. ಒಂದು ಹಗ್ಗದ ತುದಿಯನ್ನು ಶಾಮಿಯಾನದ ಕಂಬಕ್ಕೆ ಕಟ್ಟಿ, ಇನ್ನೊಂದನ್ನು ನನ್ನ ಕೈಗಿತ್ತರು. ಹಗ್ಗದ ತುಂಬಾ ಮಾವನ ಬನಿಯನ್ನುಗಳು! ಮುಂದಿನ ಸಾಲಿನಲ್ಲಿದ್ದ ಮಾವ ಟವೆಲಿನಲ್ಲಿ ಮುಖ ಮುಚ್ಚಿಕೊಂಡರು.

"ಇದೇನಮ್ಮಾ?" ಎಂದಳು ರಾಣಿ.

"ಹೊತ್ತು ನೋಡೋ ಯಂತ್ರ, ತಾಯೀ" ಎಂದು ಅತ್ತೆ ಇಟ್ಟಂಗಿಯಷ್ಟು ಕೆಂಪಾದ ಮೊದಲನೆಯದನ್ನು ಹಿಡಿದರು. "ನಮ್ಮ ಮನಿಯವ್ರು ಬುಟ್ಟೀಲೆ ಅದಿರು ತುಂಬೋ ಕಾಲದ್ದು ಇದು. ಎಷ್ಟ್ ತಿಕ್ಕಿದ್ರೂ ಹೋಗಲಿಲ್ಲ." ಪಕ್ಕದ್ದು ತಿಳಿಗೆಂಪು. "ಇದು ಮಷೀನ್ ಬಂದ ಮ್ಯಾಲಿಂದು." ಅದರಾಚೆಯದು ಹೆಚ್ಚುಕಡಿಮೆ ಬಿಳಿ. "ಇದು ರಿಟೈರ್ ಆಗಿ ಮನ್ಯಾಗ ಕುಂತಿದ್ದು. ಇದರಾಗ ಇರೋದು ಚಾದ ಕಲೆ ಅಷ್ಟ."

ಜನ ಬಿದ್ದು ಬಿದ್ದು ನಕ್ಕರು. "ನಮ್ಮನ್ಯಾಗೂ ಅದಾವ ನೋಡವಾ!" ಎಂದು ಹೆಂಗಸರು ಕೂತಲ್ಲಿಂದಲೇ ಕೂಗಿದರು. ಯಾರೋ ಸೀಟಿ ಹೊಡೆದರು.

ಕೊನೆಯದು, ನನ್ನ ಕೈಯ ಪಕ್ಕದಲ್ಲೇ ಇದ್ದದ್ದು, ಆಗಷ್ಟೇ ಮನೆಯಲ್ಲಿ ಗಾಜು ಒರೆಸಿದ ಬನಿಯನ್ನು. ಬಿಳಿ ಬಟ್ಟೆಯ ನಡುವೆ ಹಸಿಹಸಿ ಕೆಂಪು. ಅತ್ತೆ ಅದನ್ನು ಅಗಲ ಮಾಡಿ ಹಿಡಿದರು. ರಾಣಿಯನ್ನು ನೋಡಲಿಲ್ಲ, ನನ್ನನ್ನು ನೋಡಿದರು.

"ಇದು ನಮ್ಮ ಸೊಸಿ ಬಂದ ಮ್ಯಾಲಿಂದು."

ಕುಣಿಯಬೇಕಿದ್ದದ್ದು ರಾಣಿ. ಹಗ್ಗದ ತುದಿ ಹಿಡಿದುಕೊಂಡೇ ನಾನು ಕುಣಿದೆ.