ಅಕ್ಕನ ಕೈ ಸಡಿಲಾದದ್ದು

ಮಂಗಳೂರಿನ ಆಸ್ಪತ್ರೆಯಲ್ಲಿ ಡಾಕ್ಟರು ಅಕ್ಕನ ಎಡಗೈಯನ್ನು ಮೇಜಿನ ಮೇಲೆ ಇರಿಸಿ, ಒಂದೊಂದೇ ಬೆರಳನ್ನು ಎತ್ತಲು ಹೇಳಿದರು. ಹೆಬ್ಬೆರಳು ಸ್ವಲ್ಪ ಎದ್ದಿತು. ಉಳಿದವು ಏಳಲಿಲ್ಲ. ಅವರು ನನ್ನ ಕಡೆಗೆ ತಿರುಗಿ, "ಇದು ಯಾವಾಗಿನಿಂದ ಹೀಗಾಗಿದೆ?" ಎಂದು ಕೇಳಿದರು. ಅಕ್ಕ ಕಿಟಕಿಯ ಕಡೆ ನೋಡುತ್ತಿದ್ದಳು. ಅವಳ ಪಕ್ಕದಲ್ಲಿ, ಒಂದೇ ಜಗಲಿಯಲ್ಲಿ, ಮೂವತ್ತು ವರ್ಷ ಕೂತು ಬೀಡಿ ಕಟ್ಟಿದವಳು ನಾನು. "ಈಗೀಗ" ಎಂದೆ. ಅವರು ಅದನ್ನೇ ಬರೆದುಕೊಂಡರು.

ಅಕ್ಕ ತೀರಿಕೊಂಡು ಎಂಟು ತಿಂಗಳಾಯಿತು. ಆ ಪ್ರಶ್ನೆಗೆ ಸರಿಯಾದ ಉತ್ತರ ನನಗೆ ಸಿಕ್ಕಿದ್ದು ಅವಳ ಉತ್ತರಕ್ರಿಯೆಯ ಊಟದ ದಿನ. ಅದನ್ನು ಒಂದು ಕಡೆ ಬರೆದಿಡಬೇಕು ಎಂದು ಅಂದಿನಿಂದಲೂ ಅನಿಸುತ್ತಿದೆ.

ಗಡಿನಾಡಿನ ವರ್ಕಾಡಿಯಲ್ಲಿ ನಮ್ಮದು ಎರಡು ಕೋಣೆಯ ಮನೆ. ಊರಿನ ಹೆಂಗಸರಲ್ಲಿ ಬೀಡಿ ಕಟ್ಟದವರು ಕಡಿಮೆ. ವಾರಕ್ಕೊಮ್ಮೆ ಬೀಡಿ ಕಂಪೆನಿಯ ಬ್ರಾಂಚಿನಿಂದ ಎಲೆ, ಹೊಗೆಸೊಪ್ಪಿನ ಹುಡಿ, ನೂಲು ತರುವುದು, ಕಟ್ಟಿದ ಬೀಡಿಗಳನ್ನು ಅಲ್ಲಿಗೇ ಒಪ್ಪಿಸುವುದು. ಬ್ರಾಂಚ್ ಎಂದರೆ ಒಂದು ಅಂಗಡಿಯ ಹಿಂದಿನ ಕೋಣೆ. ಅಲ್ಲಿ ಮೇಜಿನ ಹಿಂದೆ ಚೆಕ್ಕರ್ ಕೂತಿರುತ್ತಾರೆ. ಬೀಡಿಯ ಕಟ್ಟನ್ನು ಅಂಗೈಯಲ್ಲಿ ಹೊರಳಿಸಿ, ಸಡಿಲಾದದ್ದನ್ನು, ತುದಿ ಸರಿಯಾಗಿ ಮಡಚದ್ದನ್ನು ಹೆಕ್ಕಿ ಒಡೆದು ಹಾಕುವುದು ಅವರ ಕೆಲಸ. ನಮ್ಮ ಚೆಕ್ಕರಿಗೆ ಈಗ ಎಪ್ಪತ್ತರ ಹತ್ತಿರ. ಅವರಿಗೆ ನಮ್ಮ ಲೆಕ್ಕ ಬರೆಯುವ ಪಾಸ್‌ಬುಕ್ ಬೇಕಾಗುತ್ತಿರಲಿಲ್ಲ. ಕಟ್ಟು ನೋಡಿಯೇ ಇದು ಇಂಥವಳ ಕೈ ಎನ್ನುತ್ತಿದ್ದರು. ಕೈ ನೋಡಿ ಮನೆಯ ಸುದ್ದಿಯನ್ನೂ ಹೇಳುತ್ತಿದ್ದರು.

ಸಡಿಲು ಕಟ್ಟು ತಂದವಳಿಗೆ, "ಎಂತ ಮಾರಾಯ್ತಿ, ನಿನ್ನೆ ಸೀರಿಯಲಲ್ಲಿ ಯಾರಾದ್ರೂ ಸತ್ರಾ? ನಿನ್ನ ಕಟ್ಟೆಲ್ಲ ಅಳ್ತಾ ಉಂಟಲ್ಲ!"

"ಸತ್ತದ್ದಲ್ಲ ಅಣ್ಣ, ಅವಳ ಗಂಡ ದುಬೈಯಿಂದ ಬಂದಿದ್ದಾನೆ" ಎಂದು ಹಿಂದೆ ನಿಂತವಳು ಹೇಳಿದರೆ ಕೋಣೆಯೆಲ್ಲ ನಗು.

ಇದು ಬರೀ ತಮಾಷೆಯಾಗಿರಲಿಲ್ಲ. ನಾವು ಚಿಕ್ಕವರಿದ್ದಾಗ ಹೆಣ್ಣು ಕೇಳಲು ಬರುವವರು ನೇರ ಮನೆಗೆ ಬರುತ್ತಿರಲಿಲ್ಲ. ಗಂಡಿನ ತಾಯಿಯೋ ಅತ್ತೆಯೋ ಮೊದಲು ಬ್ರಾಂಚಿಗೆ ಬಂದು, ಸುಮ್ಮನೆ ನಿಂತ ಹಾಗೆ ನಿಂತು, "ಆ ಹುಡುಗಿಯ ಕೈ ಹೇಗುಂಟು?" ಎಂದು ಚೆಕ್ಕರನ್ನು ಕೇಳುತ್ತಿದ್ದರು. ಬಿಗಿಯಾಗಿ ಕಟ್ಟುವವಳು ಮನೆ ನಡೆಸುತ್ತಾಳೆ, ಎಲೆ ಹಾಳು ಮಾಡುವವಳು ಅಕ್ಕಿಯನ್ನೂ ಹಾಳು ಮಾಡುತ್ತಾಳೆ ಎಂದು ಲೆಕ್ಕ. ಅಕ್ಕನ ಬಗ್ಗೆ ಕೇಳಿದಾಗ ಅವರು ಮಾತಾಡಿರಲಿಲ್ಲವಂತೆ. ಅವಳ ಒಂದು ಕಟ್ಟನ್ನು ತೆಗೆದು ಆ ಹೆಂಗಸಿನ ಕೈಯಲ್ಲಿ ಇಟ್ಟರಂತೆ. ಇಪ್ಪತ್ತೈದು ಬೀಡಿ, ಒಂದೇ ಉದ್ದ, ಒಂದೇ ದಪ್ಪ, ಒಂದು ನೂಲೂ ಮೇಲೆ ಕೆಳಗೆ ಇಲ್ಲ. ಆ ತಿಂಗಳೇ ಮದುವೆ ನಿಶ್ಚಯವಾಯಿತು. ನನ್ನ ಬಗ್ಗೆ ಕೇಳಿದಾಗ ಅವರು "ಕೆಲಸ ಆಗ್ತದೆ" ಎಂದಿದ್ದರು. ಅವರಿಗೆ ಅದರಲ್ಲಿ ಕೆಟ್ಟ ಮನಸ್ಸಿರಲಿಲ್ಲ. ಕೇಳಿದವರು ಮತ್ತೆ ಬರಲಿಲ್ಲ, ಬೇರೆಯವರೂ ಬರಲಿಲ್ಲ.

ಅಕ್ಕನ ಗಂಡ ಮದುವೆಯಾದ ಆರನೇ ವರ್ಷದಲ್ಲಿ ಬಾವಿಯ ಕೆಲಸದಲ್ಲಿ ತೀರಿಕೊಂಡರು. ಮಕ್ಕಳಿರಲಿಲ್ಲ. ಅಕ್ಕ ಮನೆಗೆ ಬಂದಳು, ಮರುದಿನವೇ ಎಲೆ ಹುಡಿ ತುಂಬಿದ ಗೆರಸೆ ತೊಡೆಯ ಮೇಲಿಟ್ಟುಕೊಂಡು ಕೂತಳು. ಅಪ್ಪ ಅಮ್ಮ ಹೋದ ಮೇಲೆ ನಾವಿಬ್ಬರೇ. ಅವಳು ಹೆಚ್ಚು ಮಾತಿನವಳಲ್ಲ. ಊರಿನವರು ಅವಳನ್ನು ಗಟ್ಟಿ ಹೆಂಗಸು ಎನ್ನುತ್ತಿದ್ದರು, ಸ್ವಲ್ಪ ಜಂಬ ಎಂದೂ ಹೇಳುತ್ತಿದ್ದರು. ನನಗೂ ಹಾಗೆಯೇ ಅನಿಸುತ್ತಿತ್ತು.

ಎರಡು ವರ್ಷದ ಹಿಂದೆ, ಶಾಲೆ ಶುರುವಾಗುವ ಹೊತ್ತಿಗೆ, ನನಗೆ ಪಂಚಾಯತಿನ ಪ್ಲಾಸ್ಟಿಕ್ ಒಟ್ಟು ಮಾಡುವ ಕೆಲಸ ಸಿಕ್ಕಿತು. ಇಬ್ಬಿಬ್ಬರು ಜೊತೆಯಾಗಿ ಮನೆಮನೆಗೆ ಹೋಗಿ ಚೀಲ ತರಬೇಕು. ಅಕ್ಕನಿಗೆ ಅದು ಸರಿ ಬರಲಿಲ್ಲ.

"ಕಂಡವರ ಮನೆಯ ಕಸ ಹೆಕ್ಕಲಿಕ್ಕೆ ಹೋಗ್ತೀಯಾ? ನೀನು ಹೋದರೆ ನಾನೊಬ್ಬಳೇ ಹೇಗೆ ಕಟ್ಟುವುದು?"

"ನಿನ್ನ ಕೈಗೆ ನಾನು ಯಾಕೆ?" ಎಂದೆ. "ಊರಿಗೆಲ್ಲ ತೋರಿಸುವ ಕೈ ಅಲ್ವಾ ನಿನ್ನದು. ನನ್ನದು ಹೇಗೂ ಕಸ ಹೆಕ್ಕಲಿಕ್ಕೆ ಸರಿ."

ಅವಳು ಗೆರಸೆ ಬದಿಗಿಟ್ಟು ಒಳಗೆ ಹೋದಳು. ಎಂಟು ಹತ್ತು ದಿನ ನಮ್ಮೊಳಗೆ ಊಟಕ್ಕೆ ಬಾ ಎನ್ನುವುದು ಬಿಟ್ಟರೆ ಬೇರೆ ಮಾತಿರಲಿಲ್ಲ.

ಕೆಲಸ ನನಗೆ ಹಿಡಿಸಿತು. ಚೀಲ ಬಿಚ್ಚಿ ಬೇರೆ ಬೇರೆ ಮಾಡುವಾಗ ಮನೆಯವರು ಕಾಣುತ್ತಾರೆ. ಮಾತ್ರೆಯ ಖಾಲಿ ಪಟ್ಟಿಗಳನ್ನು ನೋಡಿ ಯಾರಿಗೆ ಶುಗರ್, ಯಾರಿಗೆ ಪ್ರೆಶರ್ ಎಂದು ಕೆಲವೇ ವಾರಗಳಲ್ಲಿ ನನಗೆ ತಿಳಿಯುತ್ತಿತ್ತು. ಒಂದು ಮನೆಯ ಚೀಲದಲ್ಲಿ ಬರೀ ನೂಡಲ್ಸ್ ಪ್ಯಾಕೆಟ್ ಕಂಡು, "ಸೊಸೆ ತವರಿಗೆ ಹೋಗಿದ್ದಾಳೆ" ಎಂದೆ. ಜೊತೆಯವಳು ನಂಬಲಿಲ್ಲ. ಮರುವಾರ ಅದು ನಿಜವೆಂದು ಗೊತ್ತಾದಾಗ, "ನೀನು ಪೊಲೀಸಿಗೆ ಸೇರಬೇಕಿತ್ತು ಮಾರಾಯ್ತಿ" ಎಂದಳು. ಇದನ್ನೆಲ್ಲ ನಾನು ಸಂಜೆ ಜಗಲಿಯಲ್ಲಿ ಬೀಡಿ ಕಟ್ಟುತ್ತಾ ಅಕ್ಕನಿಗೆ ಹೇಳುತ್ತಿದ್ದೆ. ಅವಳು ಒಮ್ಮೆ, "ಹಾಗಾದರೆ ಎಲ್ಲರ ಮನೆಯ ಗುಟ್ಟು ನಿನ್ನ ಚೀಲದಲ್ಲಿ ಉಂಟು" ಎಂದಳು.

ಅದಾದ ಮೇಲೆ ನಮ್ಮ ಬಚ್ಚಲ ಒಲೆಯಿಂದ ಪ್ಲಾಸ್ಟಿಕ್ ಸುಟ್ಟ ವಾಸನೆ ಬರತೊಡಗಿತು. ನಾನು ರೇಗಿದೆ.

"ಊರಿಗೆಲ್ಲ ಸುಡಬೇಡಿ ಅಂತ ಹೇಳುವವಳು ನಾನು. ನಮ್ಮ ಮನೆಯ ಹೊಗೆ ನೋಡಿದ್ರೆ ಜನ ಎಂತ ಹೇಳ್ಬೇಕು?"

"ಒಂದು ಎಣ್ಣೆ ಪ್ಯಾಕೆಟು. ತಪ್ಪಿ ಬಿತ್ತು" ಎಂದಳು.

ಮಳೆಗಾಲದ ನಡುವಿನಲ್ಲಿ ಅಕ್ಕನ ಬೀಡಿಗಳು ಸಡಿಲಾದವು. ಮೊದಲು ಒಂದೆರಡು. ಆಮೇಲೆ ಒಂದು ದಿನ ಚೆಕ್ಕರ್ ಅವಳ ಒಂದು ಕಟ್ಟಿನಲ್ಲಿ ಒಂಬತ್ತನ್ನು ಒಡೆದು ಹಾಕಿದರು. ಅದುವರೆಗೆ ಅವಳ ಒಂದು ಬೀಡಿ ಒಡೆದದ್ದನ್ನೂ ಅಲ್ಲಿ ಯಾರೂ ನೋಡಿರಲಿಲ್ಲ. ಅಕ್ಕ ಸೆರಗು ಸರಿ ಮಾಡಿಕೊಂಡು ಹೊರಗೆ ನಡೆದಳು. ಹಿಂದಿನಿಂದ ಮಾತು ಶುರುವಾಯಿತು.

"ಎಲೆಗೆ ನೀರು ಹೆಚ್ಚಾಗಿರಬೇಕು."

"ಎಲೆ ಅಲ್ಲ, ಫೋನು. ಕೈಯಲ್ಲಿ ಬೀಡಿ, ಕಣ್ಣು ಫೋನಲ್ಲಿ."

"ಜಂಬ ಇಳಿಯಲಿಕ್ಕೆ ಒಂದು ದಿನ ಬೇಕಲ್ಲ."

ನಾನು ಮಾತ್ರ ಬೇರೆಯದನ್ನೇ ಎಣಿಸಿದೆ. ನನ್ನ ಮೇಲಿನ ಸಿಟ್ಟಿಗೆ ಅವಳು ಬೇಕೆಂದೇ ಕೈ ಬಿಡುತ್ತಿದ್ದಾಳೆ, ತಂಗಿ ಕಸಕ್ಕೆ ಹೋದ ಮೇಲೆ ಮನೆ ಹೀಗಾಯಿತು ಎಂದು ಊರು ಹೇಳಬೇಕು ಅವಳಿಗೆ, ಎಂದು ಎಣಿಸಿದೆ. ಮನೆಗೆ ಮರಳುವ ಬಸ್ಸಿನಲ್ಲಿ ಅವಳ ಪಕ್ಕದಲ್ಲಿ ಕೂತು ಇಡೀ ದಾರಿ ಇದನ್ನೇ ಯೋಚಿಸಿದೆ. ಅವಳ ಎಡಗೈ ಮಡಿಲಲ್ಲಿತ್ತು. ಬಲಗೈಯಿಂದ ಅದನ್ನು ಹಿಡಿದುಕೊಂಡಿದ್ದಳು. ಅದನ್ನೂ ನೋಡಿದ್ದೆ. ಈಗ ಚೆನ್ನಾಗಿ ನೆನಪಿದೆ.

ಸಿಟ್ಟು ಇತ್ತು, ಆದರೆ ಅವಳ ಬೀಡಿಯನ್ನು ಜನರ ಎದುರು ಒಡೆಯುವುದನ್ನು ಇನ್ನೊಮ್ಮೆ ನೋಡಲು ನನ್ನಿಂದ ಆಗಲಿಲ್ಲ. ಮರುದಿನದಿಂದ ಬೆಳಿಗ್ಗೆ ಬೇಗ ಎದ್ದು, ಅವಳ ಕಟ್ಟುಗಳನ್ನು ಬಿಚ್ಚಿ ಸಡಿಲಾದದ್ದನ್ನು ತೆಗೆದು, ನನ್ನವುಗಳಲ್ಲಿ ಒಳ್ಳೆಯದನ್ನು ಆರಿಸಿ ಸೇರಿಸತೊಡಗಿದೆ. ಅಕ್ಕ ಕಂಡರೂ ಕಾಣದವಳಂತೆ ಇದ್ದಳು. ಮೂವತ್ತು ವರ್ಷ ಕಟ್ಟಿದರೂ ಬಾರದ ಬಿಗಿ ಆ ತಿಂಗಳುಗಳಲ್ಲಿ ನನ್ನ ಬೆರಳಿಗೆ ಬಂತು. ಅವಳ ಹಾಗೆ ಕಟ್ಟದಿದ್ದರೆ ಗೊತ್ತಾಗುತ್ತದಲ್ಲ.

ಚೆಕ್ಕರಿಗೆ ಮೊದಲ ವಾರವೇ ಗೊತ್ತಾಯಿತು. ಕಟ್ಟನ್ನು ಹೊರಳಿಸಿ ನನ್ನ ಮುಖ ನೋಡಿದರು.

"ತಂಗಿಯ ಕೈ ಅಕ್ಕನ ಪಾಸ್‌ಬುಕ್ಕಿಗೆ ಬಂತಾ?"

"ಎರಡೂ ಒಂದೇ ಮನೆಯದ್ದಲ್ವಾ ಅಣ್ಣ" ಎಂದೆ.

ಅವರು ಕಟ್ಟನ್ನು ಪೆಟ್ಟಿಗೆಗೆ ಹಾಕಿದರು. ನನಗೆ ಅವರ ಮೇಲೆ ಪ್ರೀತಿ ಬಂತು. ಅಕ್ಕನ ಮರ್ಯಾದೆ ಉಳಿಯಿತು ಎಂದುಕೊಂಡೆ. ಹೆಂಗಸರು ಮತ್ತೆ ಅವಳ ಕಟ್ಟನ್ನು ಹೊಗಳಿದರು. ಹೀಗೆ ಮೂರು ತಿಂಗಳು.

ದೀಪಾವಳಿ ಕಳೆದ ವಾರದಲ್ಲಿ ಅಕ್ಕನ ಕೈಯಿಂದ ನೀರಿನ ಕೊಡ ಜಾರಿ ಕಾಲಿನ ಮೇಲೆ ಬಿತ್ತು. ಕಾಲು ತೋರಿಸಲೆಂದು ಹತ್ತಿರದ ಆಸ್ಪತ್ರೆಗೆ ಜೀಪಿನಲ್ಲಿ ಕರೆದುಕೊಂಡು ಹೋದದ್ದು. ಅಲ್ಲಿಂದ ಮಂಗಳೂರಿಗೆ ಕಳಿಸಿದರು. ಕುತ್ತಿಗೆಯ ಎಲುಬಿನ ಒಳಗೆ ಗಡ್ಡೆ ಇತ್ತು, ಅದು ಕೈಯ ನರವನ್ನು ಒತ್ತುತ್ತಿತ್ತು. ಗಡ್ಡೆ ಆಗಲೇ ಬೇರೆ ಕಡೆಗೂ ಹರಡಿತ್ತು. ಮೊದಲೇ ಬಂದಿದ್ದರೆ ಏನಾದರೂ ಮಾಡಬಹುದಿತ್ತು ಎಂದು ಡಾಕ್ಟರು ಹೇಳಿದರು, ಖಂಡಿತ ಎಂದು ಹೇಳಲಿಲ್ಲ. ನೋವು ಇತ್ತೇ ಎಂದು ಕೇಳಿದಾಗ ಅಕ್ಕ ಮೆಲ್ಲಗೆ, "ಅಂಗಡಿಯಿಂದ ಮಾತ್ರೆ ತಂದು ತಿನ್ತಿದ್ದೆ" ಎಂದಳು. ಬಚ್ಚಲ ಒಲೆಯಲ್ಲಿ ಸುಟ್ಟದ್ದು ಏನೆಂದು ನನಗೆ ಆಗ ತಿಳಿಯಿತು. ಊರಿನ ಚೀಲಗಳನ್ನೆಲ್ಲ ಓದುವವಳ ಕಣ್ಣಿಗೆ ಬೀಳಬಾರದು ಎಂದು ಅವಳು ಆ ಮಾತ್ರೆಯ ಪಟ್ಟಿಗಳನ್ನು ಒಲೆಗೆ ಹಾಕಿದ್ದಳು.

ಅಕ್ಕನ ಕಾಯಿಲೆಯ ಪಿಂಚಣಿಯ ಅರ್ಜಿಗಾಗಿ ವಿದ್ಯಾನಗರದ ಕಚೇರಿಗೆ ಹೋದಾಗ ಅಲ್ಲಿಯೂ ಅದೇ ಪ್ರಶ್ನೆ. ನಮ್ಮ ಊರು ಗಡಿಯ ಆಚೆ ಸೇರಿದ್ದು, ಅರ್ಜಿ ಮಲಯಾಳದಲ್ಲಿತ್ತು. ಗುಮಾಸ್ತರು ಓದಿ, "ಇಲ್ಲಿ ಕಾಯಿಲೆ ಶುರುವಾದ ತಿಂಗಳು ಬರೀಬೇಕು" ಎಂದರು. ನಾನು ದೀಪಾವಳಿಯ ತಿಂಗಳನ್ನು ಬರೆಸಿದೆ. ಆ ಅರ್ಜಿಯ ಉತ್ತರ ಬರುವ ಮೊದಲೇ ಅಕ್ಕ ಹೋದಳು.

ಉತ್ತರಕ್ರಿಯೆಯ ದಿನ ಚೆಕ್ಕರ್ ಬಂದರು. ಉಂಡು ಕೈ ತೊಳೆದ ಮೇಲೆ ಜಗಲಿಯಲ್ಲಿ, ಅಕ್ಕ ಕೂರುತ್ತಿದ್ದ ಜಾಗವನ್ನು ಬಿಟ್ಟು, ಸ್ವಲ್ಪ ಈಚೆ ಕೂತರು. ಅಂಗಿಯ ಕಿಸೆಯಿಂದ ಕಾಗದದಲ್ಲಿ ಸುತ್ತಿದ ಒಂದು ಬೀಡಿಯ ಕಟ್ಟು ತೆಗೆದರು. ಅಕ್ಕನ ಹಳೆಯ ಕಟ್ಟು. ಹೊಸದಾಗಿ ಕಲಿಯುವವರಿಗೆ ತೋರಿಸಲು ಮೇಜಿನ ಡ್ರಾಯರಿನಲ್ಲಿ ಇಟ್ಟುಕೊಂಡಿದ್ದರಂತೆ.

"ಇದು ನಿನ್ನ ಹತ್ರ ಇರಲಿ" ಎಂದರು. "ಈಗ ಕಲೀಲಿಕ್ಕೆ ಯಾರೂ ಬರುವುದಿಲ್ಲ."

ಕಟ್ಟನ್ನು ನನ್ನ ಕೈಯಲ್ಲಿಟ್ಟು, "ಅವಳ ಕೈ ಬಿಟ್ಟದ್ದು ನನಗೆ ಇನ್ನೂ ನೆನಪುಂಟು. ಆ ವರ್ಷ ಎಪ್ರಿಲಿನಲ್ಲಿ, ವಿಷು ಹಬ್ಬ ಕಳೆದ ಮರುವಾರ. ನಾನು ಕಟ್ಟು ಒಡೀಲಿಲ್ಲ. ಒಳಗೆ ತಳ್ಳಿಬಿಟ್ಟೆ. ಅಷ್ಟು ವರ್ಷದ ಕೈ ಅಲ್ವಾ" ಎಂದರು.

"ವಿಷುವಾ?" ಎಂದೆ. "ನಾನು ಪ್ಲಾಸ್ಟಿಕ್ಕಿಗೆ ಹೋದದ್ದು ಶಾಲೆ ಶುರುವಾದ ಮೇಲೆ."

"ಅದಕ್ಕೆ ಎಷ್ಟೋ ಮೊದಲು."

"ಮತ್ತೆ ನೀವು ಯಾಕೆ ಹೇಳ್ಲಿಲ್ಲ ಅಣ್ಣ?"

"ಪ್ರಾಯ ಆಯ್ತು ಅಂತ ಎಣಿಸಿದೆ. ಆಮೇಲೆ ನೀನು ನಿನ್ನ ಬೀಡಿ ಸೇರಿಸಿ ತಂದೆಯಲ್ಲ. ಓ, ಮನೆಯವರಿಗೆ ಗೊತ್ತುಂಟು, ಮದ್ದು ಮಾಡ್ತಾ ಇದ್ದಾರೆ ಅಂತ ಎಣಿಸಿದೆ."

ಅವರು ಎದ್ದು ಹೋದ ಮೇಲೆ ನಾನು ಅಲ್ಲೇ ಕೂತೆ. ನೀನು ಹೋದರೆ ನಾನೊಬ್ಬಳೇ ಹೇಗೆ ಕಟ್ಟುವುದು ಎಂದು ಅಕ್ಕ ಕೇಳಿದ್ದಳು. ಎಂದೂ ಯಾರಲ್ಲೂ ಏನನ್ನೂ ಕೇಳದವಳು ಅಂದು ಕೇಳಿದ್ದಳು. ನಾನು ಅದನ್ನು ಅಧಿಕಾರ ಎಂದು ತಿಳಿದುಕೊಂಡೆ.

ಬೀಡಿ ಕಟ್ಟುವುದನ್ನು ಬಿಟ್ಟಿದ್ದೇನೆ. ಪ್ಲಾಸ್ಟಿಕ್ಕಿನ ಕೆಲಸಕ್ಕೆ ಹೋಗುತ್ತೇನೆ. ಕಳೆದ ತಿಂಗಳು ಒಂದು ಮನೆಯಲ್ಲಿ ಪ್ರಾಯದ ಹೆಂಗಸೊಬ್ಬರು ಒಂದೇ ಕೈಯಲ್ಲಿ ಚೀಲ ಕೊಟ್ಟರು. ಇನ್ನೊಂದು ಕೈ ಸೆರಗಿನ ಒಳಗಿತ್ತು.

"ಆ ಕೈಗೆ ಎಂತ ಆಯ್ತು ಅಮ್ಮ?"

"ಎಂತ ಇಲ್ಲ."

"ಒಮ್ಮೆ ಬೆರಳು ಮಡಚಿ ತೋರಿಸಿ."

"ನಿನಗೆ ಚೀಲ ಸಿಕ್ಕಿತಲ್ಲ, ಹೋಗು ಮಾರಾಯ್ತಿ" ಎಂದು ಬಾಗಿಲು ಹಾಕಿಕೊಂಡರು.

ದಾರಿಯಲ್ಲಿ ಜೊತೆಯವಳು, "ಜನ ಎಂತ ಹೇಳ್ತಾರೆ ಗೊತ್ತುಂಟಾ? ಅಕ್ಕ ಸತ್ತ ಮೇಲೆ ಇವಳಿಗೆ ಕಂಡವರ ಮನೆಯೊಳಗೆ ಇಣುಕುವ ಚಾಳಿ ಹಿಡಿದಿದೆ ಅಂತ" ಎಂದಳು. ಹೇಳಲಿ ಎಂದೆ.

ಈ ತಿಂಗಳು ಹೋದಾಗ ಆ ಮನೆಯ ಬಾಗಿಲು ಹಾಕಿತ್ತು. ಒಳಗೆ ಟಿವಿಯ ಸದ್ದಿತ್ತು. ಚೀಲವನ್ನು ಗೇಟಿಗೆ ಕಟ್ಟಿ ಇಟ್ಟಿದ್ದರು. ಜೊತೆಯವಳು ಮುಂದಿನ ಮನೆಗೆ ನಡೆದಳು. ನಾನು ಆ ಗಂಟನ್ನು ಬಿಚ್ಚುವ ಮೊದಲು ಎಳೆದು ನೋಡಿದೆ. ಬಿಗಿಯಾಗಿತ್ತು. ಅವರೇ ಕಟ್ಟಿದ್ದೋ, ಬೇರೆ ಯಾರಾದರೂ ಕಟ್ಟಿದ್ದೋ ಎಂದು ಇನ್ನೊಮ್ಮೆ ಎಳೆದು ನೋಡಿದೆ.