ತುಟಿಗೆ ತಾಗದ ಟ್ರಂಪೆಟ್

ಈ ಪೆನ್‌ಡ್ರೈವಿಗೆ ನಾನು ಕೊಟ್ಟದ್ದು ನೂರಾ ಎಂಬತ್ತು. ಗಜೇಂದ್ರಗಡದ ಬಸ್ ನಿಲ್ದಾಣದೆದುರಿನ ಮೊಬೈಲ್ ಅಂಗಡಿಯವನು ಮುನ್ನೂರು ಹೇಳಿದ್ದ. ಎರಡು ಸಲ ಮೆಟ್ಟಿಲಿಳಿದು ಹೊರಟಂತೆ ಮಾಡಿದೆ, ಇಳಿಸಿದ. ಹಳೆಯ ಹಾಡು ತುಂಬು ಎಂದಿದ್ದೆ. ಸೇಡಿಗೋ ಏನೋ, ಅಮೆರಿಕದ ಜಾಝ್ ಬ್ಯಾಂಡುಗಳ ಮೂರು ಮೂರು ನಿಮಿಷದ ಕಪ್ಪು-ಬಿಳುಪು ಚಿತ್ರಗಳನ್ನು ತುರುಕಿದ್ದಾನೆ.

ಟಿವಿಗೆ ಹಾಕಿ ನೋಡಿದರೆ, ಏನು ಆಟ ಅಂತೀರಿ! ಒಬ್ಬ ಡ್ರಮ್ಮಿನ ಕೋಲನ್ನು ಮಾಳಿಗೆಗೆ ಎಸೆಯುತ್ತಾನೆ. ಇನ್ನೊಬ್ಬ ಆಳೆತ್ತರದ ಪಿಟೀಲನ್ನು ಕುದುರೆಯಂತೆ ಏರುತ್ತಾನೆ. ಬಾರಿಸುವುದಕ್ಕಿಂತ ಬಾರಿಸಿದಂತೆ ಕಾಣುವ ಚಿಂತೆಯೇ ದೊಡ್ಡದು. ಟ್ರಂಪೆಟ್‌ನವನು ಊದುತ್ತ ಊದುತ್ತ ಅದನ್ನು ತಲೆಯ ಮೇಲೆ ಗಿರ್ರನೆ ತಿರುಗಿಸಿದಾಗ ನಾನು ಎದ್ದು ಕೂತೆ. ಈ ಆಟ ನನಗೆ ಗೊತ್ತಿತ್ತು.

ಹಿಂದೆ ರೋಣದ ಭರಮಪ್ಪ ಮಾಸ್ತರರು ಮದುವೆ ಬ್ಯಾಂಡಿನಲ್ಲಿ ಟ್ರಂಪೆಟ್ ಊದುತ್ತಿದ್ದರು. ನರಗುಂದದ ಟಾಕೀಜಿನಲ್ಲಿ ಸಿನಿಮಾಕ್ಕೆ ಮುಂಚೆ ಇಂಥದೇ ಒಂದು ತುಣುಕು ಹಾಕುತ್ತಿದ್ದರು. ಮಾಸ್ತರರು ದಿನಾ ಟಿಕೆಟ್ ತೆಗೆಸಿ, ಅದನ್ನಷ್ಟೇ ನೋಡಿ, ಸಿನಿಮಾ ಶುರುವಾಗುತ್ತಲೇ ಎದ್ದು ಬರುತ್ತಿದ್ದರಂತೆ. ಇಂಥ ವ್ಯವಹಾರ ಎಲ್ಲಾದರೂ ಉಂಟೇ? ಆಮೇಲೆ ತುಟಿ ಒಡೆಯುವ ತನಕ ತಾಲೀಮು.

ನನ್ನ ತಂಗಿಯ ಮದುವೆಗೆ ಅವರನ್ನೇ ಕರೆಸಿದ್ದೆ. ಗಂಡಿನವರು ಹೊಳೆಆಲೂರು ಸ್ಟೇಷನ್ನಿನಲ್ಲಿ ಇಳಿದರು. ಮಾಸ್ತರರು ಊದುತ್ತ ಟ್ರಂಪೆಟ್ ತಿರುಗಿಸಿದರು. ಹಾಡು ಅರ್ಧಕ್ಕೇ ಕಡಿಯಿತು. ಮತ್ತೆ ತಿರುಗಿಸಿದರು, ಮತ್ತೆ ಕಡಿಯಿತು.

"ಏನ್ರಿ ಬೀಗರ, ಬ್ಯಾಂಡ್ ಕರಸೀರೋ, ಸರ್ಕಸ್ ಕರಸೀರೋ?" ಎಂದ ವರನ ಕಾಕಾ. ಎಲ್ಲರೂ ನಕ್ಕರು. ನನಗೆ ಮೈ ಉರಿಯಿತು.

"ಮಾಸ್ತರ, ಊದಾಕ ಬರದಿದ್ರ ಮನೀಗೆ ನಡೀರಿ!" ಎಂದೆ.

"ಪಿಚ್ಚರ್‌ನ್ಯಾಗ ಅವರು ಮಾಡ್ತಾರಲ್ರಿ ಅಣ್ಣಾರ, ಸ್ವರ ಕಡಿಯಂಗಿಲ್ಲ. ನಂದ ಎಲ್ಲೋ ತಪ್ಪೈತಿ," ಎಂದವರೇ ಟ್ರಂಪೆಟ್ಟನ್ನು ಚೀಲಕ್ಕೆ ಹಾಕಿಕೊಂಡು ನಡೆದರು. ನಾನೋ, ಈ ಕತೆಯನ್ನು ಸಂತೆ ಸಂತೆಗೂ ಹೇಳಿ ನಗಿಸಿದೆ. ಅವರನ್ನು ಯಾರೂ ಕರೆಯದಾದರು. ಮಾಸ್ತರರು ಇಸ್ತ್ರಿ ಅಂಗಡಿ ಇಟ್ಟರು.

ಈಗ ಟಿವಿಯಲ್ಲಿ ಆ ಜಾಗಕ್ಕೆ ಚಿತ್ರ ನಿಲ್ಲಿಸಿ ನಿಲ್ಲಿಸಿ ನೋಡಿದೆ. ಟ್ರಂಪೆಟ್ ಬಾಯಿಂದ ಗೇಣು ದೂರವಿದೆ. ಸ್ವರ ಮಾತ್ರ ನಿಂತಿಲ್ಲ! ಹಾಡನ್ನು ಮೊದಲೇ ಮುದ್ರಿಸಿ, ಆಮೇಲೆ ಕ್ಯಾಮೆರಾ ಮುಂದೆ ಬರೀ ಕುಣಿಸಿದ್ದಾರೆ. ಹೇಳಿದಂತೆ ಕುಣಿದ ಆ ಬಡಪಾಯಿಗಳನ್ನು ಏನನ್ನಲಿ? ಇದನ್ನು ಸಂಗೀತವೆಂದು ಊರೂರಿಗೆ ಮಾರಿದವರ ಜಾಣತನಕ್ಕಿಷ್ಟು ಬೆಂಕಿ ಹಾಕ! ಅದನ್ನು ಪುಕ್ಕಟೆಯಾಗಿ ನಂಬಿ ಮಾಸ್ತರರನ್ನು ಮನೆಗೆ ಅಟ್ಟಿದ ನನ್ನ ಜಾಣತನಕ್ಕೂ.

ಚಿತ್ರವನ್ನು ಮೊಬೈಲಿಗೆ ಹಾಕಿಸಿಕೊಂಡು ರೋಣಕ್ಕೆ ಹೋದೆ. ಮಾಸ್ತರರು ಇಸ್ತ್ರಿಪೆಟ್ಟಿಗೆ ಬದಿಗಿಟ್ಟು ಮೂರು ಸಲ ನೋಡಿದರು. ಒಡೆದ ತುಟಿಯ ಕಲೆ ಇನ್ನೂ ಇತ್ತು.

"ಹಂಗಾರ, ತಿರುಗಿಸ್ಕೋತ ಖರೇ ಊದಿದಾಂವ ನಾನೊಬ್ಬನ ಅನ್ರಿ," ಎಂದರು. ನಕ್ಕರು. ಆಮೇಲೆ ನನ್ನ ಮುಖ ನೋಡಿದರು. "ನೀವು ಮನೀಗೆ ನಡೀರಿ ಅಂದ್ರಿ."

ಜೀವಮಾನವೆಲ್ಲ ಚೌಕಾಸಿ ಮಾಡಿದ ನಾನು ಎದುರಿನ ಹೋಟೆಲಿಗೆ ಹೋಗಿ, ಕೇಳಿದಷ್ಟೇ ಕೊಟ್ಟು, ಚಹಾ ತಂದು ಅವರ ಮುಂದಿಟ್ಟೆ.

ಮದುವೆಗೆ ಬ್ಯಾಂಡು ಗೊತ್ತು ಮಾಡುವವರಿದ್ದರೆ ಕೇಳಿ. ಮೊಬೈಲಿನಲ್ಲಿ ತೋರಿಸಿದ ವಿಡಿಯೋ ನೋಡಿ ಮುಂಗಡ ಕೊಡಬೇಡಿ. ಎದುರಿಗೆ ನಿಲ್ಲಿಸಿ ಊದಿಸಿ. ಎಲ್ಲಾದರೂ ಸ್ವರ ಕಡಿದರೆ, ಈ ಮನುಷ್ಯ ಖರೆ ಊದುತ್ತಿದ್ದಾನೆಂದು ತಿಳಿದು, ಮೊದಲು ಒಂದು ಕಪ್ ಚಹಾ ಕುಡಿಸಿ. ಚೌಕಾಸಿ ಆಮೇಲೆ.